ಖಾಲಿ ತೂಕ

ಹೊಳೆಹೊನ್ನೂರು ರಸ್ತೆಯ ವೇ ಬ್ರಿಜ್ಜಿನಲ್ಲಿ
ಹದಿನಾಲ್ಕು ವರ್ಷ ಚೀಟಿ ಹರಿದವಳು ನಾನು.
ಲಾರಿ ತುಂಬಿ ಬಂದಾಗ ಒಂದು ಸಲ,
ಬರಿದಾಗಿ ಬಂದಾಗ ಒಂದು ಸಲ;
ಕಳೆದರೆ ಉಳಿಯುವುದು ಮಾಲು.
ನನಗೆ ಬರುತ್ತಿದ್ದುದು ಇದೊಂದೇ ಲೆಕ್ಕ.

ರಾತ್ರಿ ಎರಡು ಗಂಟೆಗೆ ಆರು ಲಾರಿ.
ಹೊಳೆಯ ನೀರು ಇನ್ನೂ ತೊಟ್ಟಿಕ್ಕುತ್ತಿದ್ದ ಮರಳು.
ಎಂ ಸ್ಯಾಂಡ್ ಅಂತ ಬರಿ ಅಂದರು.
ಬರೆಯಲಿಲ್ಲ.
ನಾನು ಮಾಡಿದ್ದು ಅಷ್ಟೆ, ಅಥವಾ ಮಾಡದೇ ಇದ್ದದ್ದು.
ಸಾಕ್ಷಿ ಅನ್ನುವ ಹೆಸರು ಆಮೇಲೆ ಇಟ್ಟರು,
ಹೆಸರಿನ ಪಕ್ಕ ನಾಲ್ಕು ಅಂತ ನಂಬರೂ ಹಾಕಿ.

ಮೊದಲು ಫೋನು: ಮಾತಿಲ್ಲ, ಎಂಜಿನ್ನಿನ ಸದ್ದು.
ಆಮೇಲೆ ತರಕಾರಿ ಗಾಡಿಯ ಹತ್ತಿರ ಒಬ್ಬ
ಅರ್ಧ ಕಿಲೋ ಹೀರೇಕಾಯಿ ತೂಗಿಸಿಕೊಳ್ಳುತ್ತಾ
"ಭುವಿ ಈಗ ಐದನೇ ಕ್ಲಾಸಲ್ವಾ ಅಕ್ಕಾ" ಅಂದ.
ಆಮೇಲೆ ಒಂದು ಗುರುವಾರ
ತೊಳೆಯಲೆಂದು ಮಗಳ ಡಬ್ಬಿ ತೆಗೆದರೆ
ಒಳಗೆ ಒಂದು ಹಿಡಿ ಮರಳು,
ಹಸಿ ಮರಳು,
ಬೆರಳಲ್ಲಿ ಒತ್ತಿ ಒತ್ತಿ ತುಂಬಿದ್ದು.

ಠಾಣೆಯ ಸಾಹೇಬರು ಡಬ್ಬಿಯನ್ನು ಕಿವಿಯ ಹತ್ತಿರ ಅಲ್ಲಾಡಿಸಿದರು.
"ಹುಡುಗರು ಆಡಿರ್ತವೆ ಕಣಮ್ಮ."
ಒಂದು ಹಿಂಬರಹ ಕೊಟ್ಟರು,
ಅದರಲ್ಲಿ ಸರಿಯಾಗಿ ಓದಲು ಬರುತ್ತಿದ್ದುದು ಮೊಹರು ಮಾತ್ರ.

ವಕೀಲೆ ಪದ್ಮಾಕ್ಷಿ ಬರೆಸಿದರು:
ಗುತ್ಯಮ್ಮ ಕೋಂ ಲೇಟ್ ಹುಚ್ಚರಾಯಪ್ಪ, ನಲವತ್ತೊಂದು ವರ್ಷ.
ಹೆದರಿಕೆ ಆಗ್ತದೆ ಮೇಡಂ, ಅಂದೆ ನಾನು.
ಸದರಿ ಅರ್ಜಿದಾರಳಿಗೆ ಜೀವಭಯದ ನೈಜ ಆತಂಕವಿರುತ್ತದೆ,
ಅಂದಿತು ಕಾಗದ.
ನನ್ನ ಹೆದರಿಕೆಗೆ ಯಾರದೋ ರೇಷ್ಮೆ ಸೀರೆ ಉಡಿಸಿದ ಹಾಗೆ.

ನನಗೆ ಅಪಾಯ ಎಷ್ಟು ಅಂತ ಅಳೆಯುವವರು ಪೊಲೀಸರೇ ಅಂತೆ.
ಅದೇ ಸಾಹೇಬರು ಮನೆಗೆ ಬಂದರು,
ಕಿಟಕಿಗೆ ಸರಳಿದೆಯೇ ಅಂತ ಮುಟ್ಟಿ ನೋಡಿ, ಟೀ ಕುಡಿದು ಹೋದರು.
ಐದು ದಿನದ ವರದಿ ಹನ್ನೊಂದನೇ ದಿನ ಬಂತು.
ಎ, ಬಿ, ಸಿ ಮೂರು ದರ್ಜೆ. ನನ್ನದು ಬಿ.
ತೂಕದವಳಲ್ಲವೆ, ಕೇಳಿಯೇ ಬಿಟ್ಟೆ:
ಎ ಆಗೋಕೆ ಇನ್ನೊಂದು ಹಿಡಿ ಸಾಕಾ?
ಪದ್ಮಾಕ್ಷಿ ನಗಲಿಲ್ಲ.

ಮುಚ್ಚಿದ ಬಾಗಿಲ ಕೋಣೆಯಲ್ಲಿ ಜಡ್ಜಮ್ಮ ಡಬ್ಬಿ ಕೇಳಿದರು.
ಮುಚ್ಚಳ ತೆಗೆದೆ.
ನಾಲ್ಕೈದು ಕಾಳು ಫೈಲಿನ ಮೇಲೆ ಉದುರಿದವು.
ಅವರು ಒರೆಸಲಿಲ್ಲ, ಅವುಗಳ ಪಕ್ಕದಲ್ಲೇ ಬರೆದರು:
ಮೂರು ತಿಂಗಳು.

ಆದೇಶ ಕಾಗದವಾಗಿ ಬರುತ್ತದೆ ಅಂದುಕೊಂಡಿದ್ದೆ.
ಅದು ಮೈಲಾರಿಯಾಗಿ ಬಂತು.
ಹಿರೇಕೆರೂರಿನ ಹುಡುಗ, ಮೀಸೆ ಇನ್ನೂ ಪೂರ್ತಿ ಕೂಡಿಲ್ಲ.
"ಕುರ್ಚಿ ಐತೇನ್ರಿ ಅಕ್ಕಾರ?"
ಕಟಿಂಗ್ ಶಾಪಿನಿಂದ ಒಂದು ಪ್ಲಾಸ್ಟಿಕ್ ಕುರ್ಚಿ ಸಾಲ ತಂದೆ.
ಮಾರನೆಯ ದಿನದಿಂದ ಎದುರು ಮನೆಯವರು
ಹೆಪ್ಪಿಗೆ ಮಜ್ಜಿಗೆ ಕೇಳುವುದು ಬಿಟ್ಟರು.
ಯಜಮಾನರು ಬಾಡಿಗೆಗೆ ಬಂದವರು ಚಪ್ಪಲಿ ಬಿಡಲಿಲ್ಲ:
ಪೊಲೀಸರು ಕೂತ ಮನೆ ಅಂದ್ರೆ ಜನ ಏನಂತಾರೆ, ನೀವೇ ಹೇಳಿ.

ಭುವಿಯ ಭಾಗಾಕಾರ ಅವನೇ ತಿದ್ದುತ್ತಿದ್ದ.
ಶೇಷ ಉಳಿದರೆ ಗಾಬರಿ ಬೀಳಬ್ಯಾಡ, ಬರಿ, ಅನ್ನುತ್ತಿದ್ದ.
ಒಂದು ರಾತ್ರಿ ಬಾಗಿಲಾಚೆ ಪಿಸುಮಾತು, ಫೋನಿನಲ್ಲಿ:
"ಅವ್ವಾ, ಇಲ್ಲಿ ಲಾರಿ ನಿಧಾನ ಆದ್ರ ಸಾಕು,
ಎದಿ ಹೊಡ್ಕೊಂತದ."
ಎದ್ದು ಹೊರಗಿನ ದೀಪ ಹಾಕಿದೆ.
ಆಮೇಲಿಂದ ಅವನು ಆಚೆ, ನಾನು ಈಚೆ,
ನಡುವಿನ ಬಾಗಿಲು ಇಬ್ಬರನ್ನೂ ಕಾಯಿತು.

ಎಂಬತ್ತೇಳನೇ ದಿನ ಕುರ್ಚಿ ಖಾಲಿ.
ಗಣಪತಿ ಬಿಡುವ ಬಂದೋಬಸ್ತಿಗೆ ಎಲ್ಲರನ್ನೂ ಎಳೆದುಕೊಂಡರಂತೆ.
ಕುರ್ಚಿಯನ್ನು ಒಳಗೆ ತರಲಿಲ್ಲ.
ಅವನ ಹಳೆಯ ರೇನ್‌ಕೋಟು ಅದರ ಬೆನ್ನಿಗೆ ಹಾಕಿ
ಗುಂಡಿ ಹಚ್ಚಿದೆ, ಕೊರಳಿನವರೆಗೂ.

ನಾಳೆ ನನ್ನ ಹೇಳಿಕೆ.
ಅವಧಿ ಮುಂದುವರಿಸಲು ಇನ್ನೊಂದು ಅರ್ಜಿ ಹಾಕಿದ್ದೇವೆ,
ಡಬ್ಬಿ ಅರಿವೆಯಲ್ಲಿ ಕಟ್ಟಿಸಿಕೊಂಡು ಕೋರ್ಟಿನಲ್ಲೇ ಇದೆ.
ಭುವಿಗೆ ಹೊಸದು ಕೊಡಿಸಿದೆ, ನೀಲಿ ಬಣ್ಣದ್ದು.
ಟೀಚರ್ ಸಿಕ್ಕಿದ್ದರು ಮೊನ್ನೆ.
ಮಧ್ಯಾಹ್ನ ಗಂಟೆ ಹೊಡೆದಾಗ ಅವಳು
ಮುಚ್ಚಳ ತೆಗೆಯುವ ಮೊದಲು
ಕಿವಿಯ ಹತ್ತಿರ ಹಿಡಿದು
ಅಲ್ಲಾಡಿಸಿ ನೋಡುತ್ತಾಳಂತೆ.